ಪೇಪರ್ ಹಿಡಿದ ಫೋಟೋ

ನಮ್ಮ ಮನೆಯಲ್ಲಿ ಓದು ಬರುವುದು ನನ್ನ ಮೊಬೈಲಿಗೆ ಮಾತ್ರ. ಅಣ್ಣ ಮಾರೇಶನಿಗೂ ಅತ್ತಿಗೆ ಪಾಲಮ್ಮನಿಗೂ ಅಕ್ಷರ ಹತ್ತಲಿಲ್ಲ, ನನಗೆ ಹುಟ್ಟಿನಿಂದ ಕಣ್ಣಿಲ್ಲ. ರಾಯದುರ್ಗದಲ್ಲಿ ಮನೆಮನೆಗೂ ಜೀನ್ಸ್ ಹೊಲಿಗೆ. ಅವರಿಬ್ಬರೂ ಮಿಷನ್ ತುಳಿದರೆ ನಾನು ಹೊಲಿದ ಪ್ಯಾಂಟಿನಲ್ಲಿ ನೇತಾಡುವ ದಾರ ಕತ್ತರಿಸುತ್ತೇನೆ.

ಮಾರನೆಯ ದಿನ ನನ್ನನ್ನು ನೋಡಲು ಮಡಕಶಿರದ ಕಡೆಯಿಂದ ಗಂಡು ಬರುವವನಿದ್ದ. ಅಮರಾಪುರದ ಮಾರುತಿ, ಹಿಂದೂಪುರದ ಗಾರ್ಮೆಂಟ್ಸಿನಲ್ಲಿ ಚೆಕ್ಕಿಂಗ್ ಕೆಲಸ. ಫೋನಿನಲ್ಲಿ ಮಾತಾಡಿದ್ದೆವು. ಧ್ವನಿ ಹಿಡಿಸಿತ್ತು, ಸುಳ್ಳೇಕೆ ಹೇಳಲಿ. ಕಣ್ಣಿನ ವಿಷಯ ಅಣ್ಣ ಮೊದಲೇ ಹೇಳಿದ್ದಾನೆಂದು ನಂಬಿದ್ದೆ.

ಅವತ್ತು ಕೈಯೂ ನಿಲ್ಲಲಿಲ್ಲ, ಮನಸ್ಸೂ ನಿಲ್ಲಲಿಲ್ಲ. ದಾರದ ಜೊತೆ ಬಟ್ಟೆಯನ್ನೂ ಕತ್ತರಿಸಿ ಅತ್ತಿಗೆಯಿಂದ ಬೈಸಿಕೊಂಡೆ. ಕತ್ತರಿ ಎಸೆದು ಮೊಬೈಲ್ ಹಿಡಿದೆ. ಅದರಲ್ಲೊಂದು ಆ್ಯಪ್ ಇದೆ, ಫೋಟೋ ಕೊಟ್ಟರೆ ಅದರಲ್ಲೇನಿದೆಯೆಂದು ಹೇಳುತ್ತದೆ. ಅಣ್ಣ ಮಾರುತಿಗೆ ನನ್ನ ಫೋಟೋ ಕಳಿಸಿದ್ದು ಈ ಫೋನಿನಿಂದಲೇ. ನಾನು ಹೇಗೆ ಕಾಣುತ್ತೇನೋ ಕೇಳೋಣವೆಂದು ಅದನ್ನೇ ಕೊಟ್ಟೆ.

"ಕುರ್ಚಿಯಲ್ಲಿ ಕುಳಿತ ಯುವತಿ. ಹಸಿರು ಸೀರೆ. ಪತ್ರಿಕೆ ಓದುತ್ತಿದ್ದಾಳೆ."

ಓದುತ್ತಿದ್ದಾಳಂತೆ! ಅಯ್ಯೋ ಶಿವನೇ! ಫೋಟೋ ತೆಗೆದ ದಿನ ಅತ್ತಿಗೆ ನನ್ನ ಕೈಗೊಂದು ಕಾಗದ ತುರುಕಿದ್ದಳು, ಮಿರ್ಚಿ ಬಜ್ಜಿ ಕಟ್ಟಿದ್ದರ ವಾಸನೆ ಬರುತ್ತಿತ್ತು. "ಫೋಟೋದಾಗ ಕೈ ಖಾಲಿ ಇರಬಾರದವ್ವ, ತಲಿ ಬಗ್ಗಿಸು" ಅಂದಿದ್ದಳು.

"ಅಣ್ಣಾ, ಅವ್ರಿಗೆ ನನ್ನ ಕಣ್ಣಿನ ವಿಷ್ಯ ಹೇಳಿಲ್ಲೇನು?"

ಎರಡು ಮಿಷನ್ನೂ ನಿಂತವು.

"ಮೊದ್ಲೇ ಹೇಳಿದ್ರ ಯಾರು ಬರ್ತಾರವ್ವ?" ಎಂದ ಅಣ್ಣ. "ಬಂದು ನೋಡ್ಲಿ, ಆಮ್ಯಾಲೆ ಹೇಳಿದ್ರಾತು."

"ಬಂದಮ್ಯಾಲೆ ಪೇಪರ್ ಓದಿ ತೋರಿಸ್ಲೇನು?"

ನನಗೆ ಮೈಯೆಲ್ಲ ಉರಿ. ಹೇಳಿದರೆ ಮಾರುತಿ ಬರುವುದಿಲ್ಲ, ಆ ಧ್ವನಿ ಇನ್ನು ಕೇಳುವುದಿಲ್ಲ. ಒಂದು ದಿನ ಸುಮ್ಮನಿದ್ದುಬಿಟ್ಟರೆ? ಎದ್ದು ಹಿತ್ತಿಲಿಗೆ ಹೋದೆ, ಬಂದೆ, ಮತ್ತೆ ಹೋದೆ. ಕಡೆಗೆ ಮಾರುತಿಗೆ ಮಾತು ರೆಕಾರ್ಡ್ ಮಾಡಿ ಕಳಿಸಲು ಮೊಬೈಲನ್ನು ಬಾಯಿಗೆ ಹಿಡಿದೆ.

"ನಾನು ಉಜ್ಜಿನಮ್ಮ ರೀ. ಹುಟ್ಟಿದಾಗಿಂದ ನನಗ ಕಣ್ಣು ಕಾಣಂಗಿಲ್ಲ. ಫೋಟೋದಾಗ ಪೇಪರ್ ಓದಿದ್ದು ಸುಳ್ಳು. ಬರೋದು ಬಿಡೋದು ನಿಮಗ ಬಿಟ್ಟದ್ದು."

"ಬ್ಯಾಡವ್ವ!" ಎಂದು ಅತ್ತಿಗೆ ಓಡಿಬಂದಳು. ಅಷ್ಟರಲ್ಲಿ ಕಳಿಸಿಬಿಟ್ಟಿದ್ದೆ.

ಅಣ್ಣ ಬೈಯಲೂ ಇಲ್ಲ, ಮಿಷನ್ ಮೇಲೆ ಕೂರಲೂ ಇಲ್ಲ. ನಾನು ಕತ್ತರಿ ಹುಡುಕಿಕೊಂಡು ಅದೇ ಪ್ಯಾಂಟಿನಲ್ಲಿ ಇಲ್ಲದ ದಾರವನ್ನೂ ಕತ್ತರಿಸತೊಡಗಿದೆ. ಅಳು ಬಂತು. ಒರೆಸಿಕೊಳ್ಳಲಿಲ್ಲ.

ಬಹಳ ಹೊತ್ತಿನ ಮೇಲೆ ಮೊಬೈಲ್ ಟಿಣ್ ಎಂದಿತು. ಅವನದೇ ಧ್ವನಿ, ಹಿಂದೆ ಬಸ್‌ಸ್ಟ್ಯಾಂಡಿನ ಗದ್ದಲ.

"ಗೊತ್ತು ಕಣ್ರಿ. ಪೇಪರ್ ತಲೆಕೆಳಗಾಗಿ ಹಿಡ್ಕಂಡಿದ್ರಿ. ಓದಕ್ಕೆ ಬರ್ದೇ ಇರೋರೂ ಅದ್ರಲ್ಲಿರೋ ಚಿತ್ರನಾದ್ರೂ ನೋಡಿ ನೆಟ್ಟಗೆ ಮಾಡ್ಕಂತಾರೆ. ನಿಮ್ ಬಾಯಲ್ಲೇ ಕೇಳಾನ ಅಂತ ಸುಮ್ನಿದ್ದೆ. ನಾಳೆ ಬತ್ತೀನಿ."

"ತಲಿಕೆಳಗ ಇತ್ತಾ?" ಅತ್ತಿಗೆ ನನ್ನ ಪಕ್ಕ ಕುಸಿದು ಕೂತಳು. "ನಾನೆಲ್ಲಿ ನೋಡ್ದೆ ಪೇಪರ್ನ? ನಿನ್ನ ಮಖ ಎಷ್ಟು ಚಂದ ಬಂದೈತಿ ಅಂತ ಅದನ್ನ ನೋಡ್ಕೊಂತ ನಿಂತಿದ್ನೆವ್ವ."