ಕಾಜಿಕ್ ಅಂಕಲ್ ತೆಗೆದ ಸೀಮಂತ

ರಾತ್ರಿ ಬಹಳ ಹೊತ್ತಾದ ಮೇಲೆ ಅಮೆರಿಕದ ಎಡಿಸನ್ ಊರಿನ ನಮ್ಮ ಅಪಾರ್ಟ್‌ಮೆಂಟಿನ ಬೇಸ್‌ಮೆಂಟಿನಿಂದ ಟಣ್ ಟಣ್ ಎಂದು ಸಣ್ಣ ಸದ್ದು ಬರುತ್ತಿತ್ತು. ಡ್ರೈಯರ್‌ನೊಳಗೆ ಜೀನ್ಸ್ ಗುಂಡಿ ತಿರುಗುವ ಸದ್ದು. ಪಕ್ಕದ ಮನೆಯ ಹರ್ಷ ಕಂಪ್ಯೂಟರುಗಳ ವೈಟೂಕೆ ದೋಷ ತಿದ್ದುವ ಕೆಲಸ ಮುಗಿಸಿ ಬಂದು, ಬಸುರಿ ಹೆಂಡತಿಗೆ ನೆರವಾಗಲೆಂದು ಬಟ್ಟೆ ಒಗೆಯುತ್ತಿದ್ದಾನೆ ಎಂದುಕೊಂಡು ಮಲಗಿದೆ.

ಬೆಳಿಗ್ಗೆ ಅವನ ಹೆಂಡತಿ ಸಿಂಧು ಒಂದು ಮುದ್ದೆ ತಂದು ತೋರಿಸಿದಳು. ಜೀನ್ಸ್ ಜೊತೆ ಬೆಂದು, ಮುದುಡಿ ಟವೆಲ್ಲಿನಷ್ಟಾದ ನೇರಳೆ ರೇಷ್ಮೆ ಸೀರೆ.

"ಅತ್ತೆ ಸೀಮಂತಕ್ಕೆ ಕಳಿಸಿದ್ದು, ಕೌಸಲ್ಯಕ್ಕ. ವೀಸಾ ಸಿಗಲಿಲ್ಲ, ವಿಡಿಯೋದಲ್ಲಾದ್ರೂ ಉಟ್ಟಿದ್ದು ನೋಡ್ತೀನಿ ಅಂದಿದಾರೆ. ಈಗೀಗ ನನ್ನ ಹತ್ರ ಸರಿಯಾಗಿ ಮಾತಾಡ್ತಿದಾರೆ. ಎಲ್ಲ ಹೋಯ್ತು."

"ನಾಜೂಕು ಬಟ್ಟೆಯ ಡೆಲಿಕೇಟ್ ಸೈಕಲ್‌ನಲ್ಲೇ ಹಾಕಿದ್ದು," ಎಂದ ಹರ್ಷ, ಬಾಗಿಲ ಹಿಂದಿನಿಂದ.

"ನೀನು ಸುಮ್ನಿರು."

ಅಂಥದೇ ಅಂಚಿನ ಸೀರೆ ನನ್ನಲ್ಲೊಂದಿತ್ತು, ಆದರೆ ಹಸಿರು. ಬೇರೇನೂ ತೋಚದೆ ಕೆಳಗಿನ ಮನೆಯ ಕಾಜಿಕ್ ಅಂಕಲ್ ಹತ್ತಿರ ಹೋದೆ.

ಅವರು ಪೋಲೆಂಡಿನಲ್ಲಿ ಇಪ್ಪತ್ತು ವರ್ಷ ಸಿನಿಮಾ ಛಾಯಾಗ್ರಾಹಕರಾಗಿದ್ದವರು. ಫಿಲ್ಮ್ ಸಿಗುವುದೇ ಕಷ್ಟವಿದ್ದ ಕಾಲ. ನಟಿಯ ಮುಖದಲ್ಲಿ ಏನಾದರೂ ಆಗುವವರೆಗೆ ಕಾದು, ಒಂದೇ ಸಲ ತೆಗೆಯುತ್ತಿದ್ದರಂತೆ. ಬಹುಪಾಲು ಕಪ್ಪು ಬಿಳುಪು. ಒಂದು ಕಿಟಕಿಯ ಬೆಳಕು, ಅರ್ಧ ಮುಖ ಕತ್ತಲೆ. ಇಲ್ಲಿಗೆ ಬಂದ ಮೇಲೆ ಮದುವೆಗಳನ್ನೂ ಹಾಗೆಯೇ ತೆಗೆದು, ಮದುಮಕ್ಕಳ ತಾಯಂದಿರಿಂದ ಬೈಸಿಕೊಂಡು, ಗಿರಾಕಿಗಳನ್ನೆಲ್ಲ ಕಳೆದುಕೊಂಡಿದ್ದರು.

"ಸೀರೆ ಕಾಣಬಾರದು. ಅಡಗಿಸಿದ ಹಾಗೂ ಕಾಣಬಾರದು," ಎಂದೆ.

"ಅಮೆರಿಕಕ್ಕೆ ಬಂದ ಮೇಲೆ ಕತ್ತಲೆ ಬೇಕು ಅಂತ ಕೇಳಿದ ಮೊದಲ ಗಿರಾಕಿ ನೀವು," ಎಂದು ಅವರು ಆಗಲೇ ಕ್ಯಾಮೆರಾ ಹುಡುಕತೊಡಗಿದರು.

ಸೀಮಂತದ ದಿನ ಲೈಟುಗಳನ್ನೆಲ್ಲ ಆಫ್ ಮಾಡಿಸಿದರು. "ಆರತಿ ತಟ್ಟೆಗೆ ತಡಕಾಡಬೇಕಾ? ಕರೆಂಟ್ ಹೋಗೋದು ಬೆಂಗಳೂರಲ್ಲೇ ಸಾಕಾಗಿತ್ತು," ಎಂದರು ಆರತಿ ಎತ್ತಲು ಬಂದಿದ್ದ ರಾಜಿ ಆಂಟಿ. ಕನ್ನಡ ತಿಳಿಯದ ಅಂಕಲ್ ಆಕೆಗೆ ತಲೆಬಾಗಿ ವಂದಿಸಿದರು. ಹೊರಗಿನ ಹಿಮದ ಬೆಳಕು ನನ್ನ ಹಸಿರು ಸೀರೆ ಉಟ್ಟ ಸಿಂಧುವಿನ ಒಂದು ಕೆನ್ನೆಗಷ್ಟೇ ಬೀಳುವಂತೆ ಕೂರಿಸಿ, ಕಾದರು. ಬಳೆ ತೊಡಿಸುವಾಗ ಮಗು ಒದ್ದಿರಬೇಕು. ಸಿಂಧು ಬೆಚ್ಚಿದಳು, ಆಮೇಲೆ ನಕ್ಕಳು. ಅಷ್ಟರಲ್ಲಿ ಅಂಕಲ್ ವಿಡಿಯೋ ಕ್ಯಾಮೆರಾದ ಗುಂಡಿ ಒತ್ತಿಯಾಗಿತ್ತು.

ಬಣ್ಣವನ್ನೆಲ್ಲ ತೆಗೆದು ಕಪ್ಪು ಬಿಳುಪಾಗಿಸಿದ ಕ್ಯಾಸೆಟ್ ಅತ್ತೆಯಿದ್ದ ಮಂಡ್ಯಕ್ಕೆ ಹೋಯಿತು. ಪಕ್ಕದ ಮನೆಯ ಫೋನ್ ರಿಂಗಾದಾಗಲೆಲ್ಲ ನಾನು ಗೋಡೆಗೆ ಕಿವಿ ಕೊಡುತ್ತಿದ್ದೆ. ಕೊನೆಗೆ ಸಿಂಧುವಿನ ಅತ್ತೆ ಶಿವಲಿಂಗಮ್ಮನವರು ನನಗೇ ಫೋನ್ ಮಾಡಿದರು.

"ಅದು ನನ್ನ ಸೀರೆ ಅಲ್ಲ ಕಣಮ್ಮ."

"ಬೆಳಕು ಸ್ವಲ್ಪ ಕಡಿಮೆ ಇತ್ತು..."

"ನನ್ನ ಸೀರೆ ಸೆರಗಿನ ತುಂಬ ನವಿಲು. ಉಟ್ಟಿದ್ರೆ ಸೆರಗು ಹರಡಿಕೊಂಡು ಕೂರ್ತಿದ್ಲು. ಏನು, ಸುಟ್ಲಾ?"

"ಹರ್ಷ ಒಗೆದ."

ಆ ಕಡೆ ಬಹಳ ಹೊತ್ತು ನಗು. "ಇಲ್ಲಿ ಒಂದು ಲೋಟ ತೊಳೆದವನಲ್ಲ. ಹೋಗ್ಲಿ ಬಿಡು. ಬಳೆ ಇಡುವಾಗ ನಗ್ತಾಳಲ್ಲ, ಅದನ್ನ ಮತ್ತೆ ಮತ್ತೆ ಹಾಕಿಸ್ಕೊಂಡು ನೋಡ್ದೆ. ಮದುವೇಲೂ ಅವಳ ಮುಖ ಇಷ್ಟು ನೋಡಿರ್ಲಿಲ್ಲ. ನಂಗೆ ಗೊತ್ತಾಯ್ತು ಅಂತ ಹೇಳ್ಬೇಡ, ಹೆದರ್ಕೋತಾಳೆ. ವೀಸಾ ಸಿಕ್ಕಿದ ದಿನ ನಾನೇ ಬಂದು ಅವನ ಕಿವಿ ಹಿಂಡ್ತೀನಿ."

ಸಂಜೆ ಸಿಂಧು ಕೇಳಿದಳು. "ಅತ್ತೆ ಏನಾದ್ರೂ ಅಂದ್ರಾ?"

"ನಿನ್ನ ಮುಖ ಚೆನ್ನಾಗಿ ಬಂದಿದೆ ಅಂದ್ರು."

ಹರ್ಷನಿಗೂ ಅಷ್ಟೇ ಹೇಳಿದೆ. ಕೆಳಗೆ ಕಾಜಿಕ್ ಅಂಕಲ್ ತಮ್ಮ ಕತ್ತಲೆ ಒಬ್ಬ ಅತ್ತೆಯನ್ನು ಗೆದ್ದಿತೆಂದು ಬೀಗುತ್ತಿದ್ದರು. ಕತ್ತಲೆ ಸೀರೆಯನ್ನು ಅಡಗಿಸಲಿಲ್ಲ, ಗೆದ್ದದ್ದು ಸಿಂಧುವಿನ ಕೆನ್ನೆಯ ಮೇಲಿನ ಬೆಳಕೆಂದು ಅವರಿಗೂ ಹೇಳುವುದಿಲ್ಲ, ಯಾರಿಗೂ ಹೇಳುವುದಿಲ್ಲ ಎಂದು ತೀರ್ಮಾನಿಸಿದೆ.