ಎಲ್ಲವನ್ನೂ ಬರೆಯುವ ಸೆಟ್ಟಿಂಗ್

ಓರಗಿತ್ತಿಯರ ನಡುವೆ ಹೊಗೆಯಾಡಲಿಕ್ಕೆ ಒಂದೇ ಅಡುಗೆಮನೆ ಇದ್ದರೆ ಸಾಕಲ್ಲ. ಇವರಿಬ್ಬರ ಗ್ರಹಚಾರಕ್ಕೆ ಆಫೀಸೂ ಒಂದೇ, ಹೋಗಿಬರುವ ಸ್ಕೂಟರೂ ಒಂದೇ. ಓಡಿಸುವವಳು ಚಿಕ್ಕವಳು. ಹಿಂದೆ ಕೂರುವ ದೊಡ್ಡವಳು ಸೀಟಿನ ಹಿಂದಿನ ಕಂಬಿ ಹಿಡಿಯುತ್ತಿದ್ದಳೇ ಹೊರತು ಅವಳ ಹೆಗಲ ಮೇಲೆ ಕೈ ಇಡುತ್ತಿರಲಿಲ್ಲ. ಇಟ್ಟರೆ ಕೈ ಸವೆಯುತ್ತಿತ್ತೇ? ಇಲ್ಲಪ್ಪ. ಹೊಟ್ಟೆಕಿಚ್ಚು, ಅಷ್ಟೇ.

ಆಫೀಸಿನಲ್ಲಿ ಬಸ್ ಟಿಕೆಟ್ ಮಾರುವ ಸಾಫ್ಟ್‌ವೇರ್ ಮಾಡುತ್ತಿದ್ದರು. ಸೀಟು ಹುಡುಕಲು ಒಂದು ಅಪ್ಲಿಕೇಶನ್, ಹಣ ಪಡೆಯಲು ಒಂದು, ಟಿಕೆಟ್ ಕಳಿಸಲು ಇನ್ನೊಂದು. ಏನು ನಡೆಯಿತು, ಎಲ್ಲಿ ಎಡವಿತು ಎಂದು ಬರೆದಿಡುವ ಪ್ರೋಗ್ರಾಮು, ಅಂದರೆ ಲಾಗಿಂಗ್ ಲೈಬ್ರರಿ, ಮಾತ್ರ ಎಲ್ಲಕ್ಕೂ ಒಂದೇ. ಅದು ದೊಡ್ಡವಳು ಹೆತ್ತ ಕೂಸು. ಏನೇ ಕೆಟ್ಟರೂ ಜನ ಅವಳ ಮೇಜಿಗೇ ಓಡಿಬರುತ್ತಿದ್ದರು. ಅವರು ಹಾಗೆ ಓಡಿಬರುವುದೇ ಅವಳಿಗೊಂದು ಸುಖ.

ಚಿಕ್ಕವಳು ಬಂದವಳೇ ಹೊಸದೊಂದು ಲೈಬ್ರರಿ ಬರೆದಳು. ಒಂದೊಂದು ಟಿಕೆಟ್ಟಿಗೂ ಒಂದು ಗುರುತು ಅಂಟಿಸಿ, ಅದು ಯಾವ ಅಪ್ಲಿಕೇಶನ್ನಿಗೆ ಹೋದರೂ ಜಾಡು ಹಿಡಿದು ತೋರಿಸುವಂಥದ್ದು. ಮ್ಯಾನೇಜರ್ ಅವಳನ್ನು ತಲೆಮೇಲೆ ಕೂರಿಸಿಕೊಂಡ. ಮನೆಯಲ್ಲಿ ಅತ್ತೆ ಆಗಲೇ ಕೂರಿಸಿಕೊಂಡಾಗಿತ್ತು. "ಎರಡನ್ನೂ ಓಡಿಸಿ ನೋಡೋಣ. ಗೆದ್ದದ್ದು ಉಳೀಲಿ, ಇನ್ನೊಂದನ್ನ ತೆಗೆದುಹಾಕೋಣ," ಎಂದ. ತೆಗೆದುಹಾಕುವುದಂತೆ! ದೊಡ್ಡವಳಿಗೆ ಮೈಯೆಲ್ಲ ಉರಿದುಹೋಯಿತು.

"ಅಕ್ಕ, ಎರಡರ ಸೆಟ್ಟಿಂಗೂ ನೀವೇ ಹಾಕಿಬಿಡಿ. ನಿಮ್ಮಷ್ಟು ಕರೆಕ್ಟಾಗಿ ನಂಗೆ ಬರಲ್ಲ," ಎಂದಳು ಚಿಕ್ಕವಳು.

ಬೆಣ್ಣೆ ಹಚ್ಚುತ್ತಾಳೆ ಮಳ್ಳಿ, ಎಂದುಕೊಂಡಳು ದೊಡ್ಡವಳು. ತನ್ನ ಲೈಬ್ರರಿಗೆ 'ತಪ್ಪುಗಳನ್ನು ಮಾತ್ರ ಬರಿ' ಎಂದು ಹಾಕಿದಳು. ಅವಳದಕ್ಕೆ 'ಎಲ್ಲವನ್ನೂ ಬರಿ'. ಉಸಿರು ಬಿಟ್ಟದ್ದನ್ನೂ ಬರೆಯುತ್ತಾ ಕೂತರೆ ಯಾವ ಅಪ್ಲಿಕೇಶನ್ ತಾನೇ ಓಡೀತು? ಯಾರಾದರೂ ನೋಡುತ್ತಿದ್ದಾರೇನೋ ಎಂದು ಒಮ್ಮೆ ತಿರುಗಿ ನೋಡಿದಳು, ನಿಜ. ಆದರೂ ಸೇವ್ ಮಾಡಿದಳು.

ಮರುದಿನ ಎಲ್ಲರೂ ದೊಡ್ಡ ಪರದೆಯ ಮುಂದೆ ಸೇರಿದರು. ಸುಳ್ಳು ಪ್ರಯಾಣಿಕರನ್ನು ನುಗ್ಗಿಸಿ ಪರೀಕ್ಷೆ ಶುರುವಾಯಿತು. ದೊಡ್ಡವಳದು ಸರಸರ ಓಡಿತು. ಚಿಕ್ಕವಳದು ತೆವಳಿತು. "ಏನಮ್ಮಾ ಇದು, ನಿದ್ದೆ ಬರ್ತಾ ಇದೆ," ಎಂದ ಮ್ಯಾನೇಜರ್. ದೊಡ್ಡವಳಿಗೆ ಹಾಲು ಕುಡಿದಷ್ಟು ಸಂತೋಷ.

ಅಷ್ಟರಲ್ಲಿ ಒಂದೇ ಸೀಟು ಇಬ್ಬರಿಗೆ ಮಾರಾಟವಾಯಿತು. ಇದು ಹಳೆಯ ಪೀಡೆ. ಪ್ರಯಾಣಿಕರು ಬಸ್ಸಿನಲ್ಲಿ ಕಿತ್ತಾಡಿ ಕಂಪನಿಯ ಜನ್ಮ ಜಾಲಾಡಿದ್ದರು. ದೊಡ್ಡವಳ ಲಾಗಿಗೆ ಅದರ ಕಾರಣ ಒಮ್ಮೆಯೂ ಸಿಕ್ಕಿರಲಿಲ್ಲ. ಈಗ ಚಿಕ್ಕವಳದು ನಿಧಾನವಾಗಿ ಪ್ರತಿ ಹೆಜ್ಜೆಯನ್ನೂ ಬರೆಯುತ್ತಿದ್ದರಿಂದ, ಒಬ್ಬನಿಗೆ ಸೀಟು ಖಾಲಿ ಎಂದು ಹೇಳಿ ಅದನ್ನು ಹಿಡಿದಿಡುವ ಮುನ್ನವೇ ಇನ್ನೊಬ್ಬ ನುಗ್ಗಿದ್ದು ಪರದೆಯ ಮೇಲೆ ಸಾಲುಸಾಲಾಗಿ ಕಂಡಿತು. "ಸಿಕ್ತು! ಸಿಕ್ತು!" ಎಂದು ಮ್ಯಾನೇಜರ್ ಕುಣಿದಾಡಿಬಿಟ್ಟ.

ಚಿಕ್ಕವಳು ಸೆಟ್ಟಿಂಗ್ ತೆರೆದು ನೋಡಿದಳು. ದೊಡ್ಡವಳು ಮೆಲ್ಲಗೆ ಬಾಗಿಲ ಕಡೆ ಸರಿದಳು. ಇನ್ನೇನು, ಎಲ್ಲರೆದುರು ಮಾನ ಹರಾಜು.

"ಇದು ಅಕ್ಕ ಮಾಡಿದ್ದು ಸರ್," ಎಂದಳು ಚಿಕ್ಕವಳು. "ಎಲ್ಲಾ ಬರೆಯೋ ಹಾಗೆ ಇಟ್ಟಿದ್ದಾರೆ. ಅದಕ್ಕೇ ನಿಧಾನ, ಅದಕ್ಕೇ ಸಿಕ್ಕಿದ್ದು. ನಂಗಂತೂ ಹೊಳೀತಾನೇ ಇರಲಿಲ್ಲ."

ಚಪ್ಪಾಳೆ ಬಿತ್ತು. ಚಪ್ಪಾಳೆ ದೊಡ್ಡವಳಿಗೆ, ಉಳಿದದ್ದು ಚಿಕ್ಕವಳ ಲೈಬ್ರರಿ. ಹಳೆಯದನ್ನು ಒಂದೊಂದೇ ಅಪ್ಲಿಕೇಶನ್ನಿನಿಂದ ಕಿತ್ತುಹಾಕುವ ಕೆಲಸವನ್ನು, "ನಿಮಗೇ ಚೆನ್ನಾಗಿ ಗೊತ್ತಲ್ವಾ," ಎಂದು ಮ್ಯಾನೇಜರ್ ದೊಡ್ಡವಳಿಗೇ ಒಪ್ಪಿಸಿದ.

ಸಂಜೆ ಸ್ಕೂಟರಿನ ಹತ್ತಿರ ದೊಡ್ಡವಳು ತೊದಲಿದಳು. "ಆ ಸೆಟ್ಟಿಂಗು... ನಾನು ಮರೆತು ಹಾಗೆ ಇಟ್ಟದ್ದು ಕಣೇ."

ಚಿಕ್ಕವಳು ಹೆಲ್ಮೆಟ್ ಹಾಕಿಕೊಂಡಳು. "ನಿಮ್ಮ ಲೈಬ್ರರಿ ಓದ್ಕೊಂಡೇ ಅಕ್ಕ, ನಾನು ಕೆಲಸ ಕಲಿತದ್ದು. ನೀವು ಮರೆಯೋರಲ್ಲ." ದನಿಯಲ್ಲಿ ಕೊಂಕಿರಲಿಲ್ಲ, ಕೋಪವೂ ಇರಲಿಲ್ಲ. "ಹತ್ತಿ, ಹೊತ್ತಾಯ್ತು."

ಗೊತ್ತಿತ್ತು! ಗೊತ್ತಿದ್ದೂ ಬಿಟ್ಟುಕೊಡಲಿಲ್ಲ! ನಾಲ್ಕು ಮಾತು ಬೈದಿದ್ದರೆ ತಾನೂ ಎಂಟು ಬೈದು ಹಗುರಾಗಬಹುದಿತ್ತು. ಬುದ್ಧಿಯೂ ಅವಳಿಗೇ, ಒಳ್ಳೆತನವೂ ಅವಳಿಗೇ. ತನಗೇನು ಉಳಿಯಿತು, ಮಣ್ಣು? ಈ ಹೊಟ್ಟೆಯುರಿ ಬೆಳಗಿನದಕ್ಕಿಂತ ಜೋರಾಗಿತ್ತು.

ಸ್ಕೂಟರ್ ಹೊರಟಿತು. ಅವಳು ಹಟ ಹಿಡಿದವಳಂತೆ ಕಂಬಿಯನ್ನೇ ಹಿಡಿದಳು. ತಿರುವಿನಲ್ಲಿ ಹಂಪು ಬಂತು, ಕೈ ಜಾರಿತು. ಬೀಳಬಾರದೆಂದರೆ ಹಿಡಿಯಲು ಇದ್ದದ್ದು ಚಿಕ್ಕವಳ ಹೆಗಲೊಂದೇ.

"ಸರಿಯಾಗಿ ಹಿಡ್ಕೊಳ್ಳಿ ಅಕ್ಕ," ಎಂದಳು ಚಿಕ್ಕವಳು.

ದೊಡ್ಡವಳು ಹಲ್ಲು ಕಚ್ಚಿ, ಅಳು ನುಂಗಿ, ಮನೆ ಬರುವವರೆಗೂ ಹಿಡಿದುಕೊಂಡೇ ಕೂತಳು.