ಬಾಂಡಲಿ ದಾಟುವ ಎಣಿಕೆ

ಬಿಳಿ ಬೋರ್ಡಿನ ಮೇಲರ್ಧ ಒರೆಸಿ ಆಗಿತ್ತು. ಒದ್ದೆ ಬಟ್ಟೆ ಹಿಂಡಿ ಕೆಳಗಿನರ್ಧಕ್ಕೆ ಕೈ ಹಾಕಿದ್ದೆ. ಉದ್ದಕ್ಕೂ ಒಂದು ಗೆರೆ, ಗೆರೆಯ ಕೆಳಗೆ ಬಾಲವಿರುವ ಕಪ್ಪು ಬೊಟ್ಟುಗಳು, ಮೇಲೆ ನಡುನಡುವೆ ಇಂಟು ಗುರುತು. ಪಟ್ಟಂದೂರು ಅಗ್ರಹಾರದ ಆ ಡ್ರಮ್ ಕ್ಲಾಸಿಗೆ ಏಜೆನ್ಸಿಯವರು ನನ್ನನ್ನು ಕಸ ನೆಲದ ಕೆಲಸಕ್ಕೆ ಹಾಕಿ ಒಂದು ವಾರವಾಗಿತ್ತು. ದಿನಾ ಒರೆಸುತ್ತಿದ್ದೆ, ಏನು ಒರೆಸುತ್ತಿದ್ದೇನೆಂದು ತಿಳಿಯದೆ. ಅಕ್ಷರ ಕಲಿತ ಮೇಲೆ ನನಗೊಂದು ರೋಗ ಅಂಟಿದೆ. ಬರೆದದ್ದು ಏನೇ ಇರಲಿ, ಓದದೆ ಬಿಡಲಾರೆ.

“ಮೇಡಂ, ಇದೇನು ಬರ್ದೀರಿ?”

ಅಲ್ಲಿ ಪಾಠ ಹೇಳಿಕೊಡುವ ಹುಡುಗಿ ಶರಣ್ಯ ಊಟದ ಡಬ್ಬಿ ಬಿಚ್ಚುತ್ತಿದ್ದಳು. “ನೊಟೇಶನ್ ಅಜ್ಜಿ. ಹೆಂಗೆ ಹೊಡೀಬೇಕು ಅಂತ ಬರೆದಿರೋದು. ಕೇಳಿ.” ಚಮಚದಿಂದ ಡಬ್ಬಿಯ ಮುಚ್ಚಳದ ಮೇಲೆ ಬಾರಿಸಿದಳು.

ಏಳು ಏಟು. ಆಮೇಲೆ ಸಣ್ಣಗೆ ಟಕ್‌ಟಕ್. ಮತ್ತೆ ಏಳು ಏಟು, ಟಕ್‌ಟಕ್.

ಬಟ್ಟೆಯ ನೀರು ಮೊಣಕೈಗೆ ಇಳಿಯಿತು. ಆ ಏಳು ಏಟು ನನ್ನ ಗಂಡನದು. ಟಕ್‌ಟಕ್ ಅವರದಲ್ಲ.

“ಇದನ್ನ ಬರ್ದೋರು ಯಾರ್ರಿ?”

“ಋಷಿಕೇಶ್ ಸರ್ ಬುಕ್ಕಲ್ಲಿದೆ. ಈ ಕ್ಲಾಸ್ ಅವರದೇ ಅಲ್ವಾ. ಸಿಕ್ಕಾಪಟ್ಟೆ ಹಳೇ ಬೀಟ್ ಅಂತೆ ಅಜ್ಜಿ, ಸುಗ್ಗಿ ಟೈಮಲ್ಲಿ ಹೊಡೀತಿದ್ರಂತೆ.”

ಸುಗ್ಗಿಯಂತೆ! ನಮಗೆ ಹೊಲವೇ ಇರಲಿಲ್ಲ. ಆ ಬಡಿತ ಹುಟ್ಟಿದ್ದು ಇಲ್ಲೇ, ಈ ಗಾಜಿನ ಕಟ್ಟಡಗಳು ಏಳುತ್ತಿದ್ದಾಗ, ತಾರಸಿಗೆ ಕಾಂಕ್ರೀಟ್ ಹಾಕುವ ಮೋಲ್ಡಿಂಗ್ ದಿನಗಳಲ್ಲಿ. ಲಿಂಗಸುಗೂರಿನಿಂದ ಬರುವಾಗ ನನ್ನ ಗಂಡ ಒಂದು ಹಲಗೆ ತಂದಿದ್ದರು. ಇಲ್ಲಿಯವರು ತಮಟೆ ಅನ್ನುತ್ತಾರಲ್ಲ, ಆ ಚರ್ಮದ ವಾದ್ಯ. ಮೆಟ್ಟಿಲುದ್ದಕ್ಕೂ ನಲವತ್ತು ಜನ ಸಾಲು ನಿಂತು ಕಾಂಕ್ರೀಟಿನ ಬಾಂಡಲಿಯನ್ನು ಕೈಯಿಂದ ಕೈಗೆ ದಾಟಿಸುತ್ತಿದ್ದೆವು. ಕಣ್ಣು ಕೆಳಗಿನಿಂದ ಬರುವ ಬಾಂಡಲಿಯ ಮೇಲೆ, ಕೈ ಮೇಲಿನವರ ಕಡೆಗೆ. ನನ್ನ ಗಂಡ ಬಾರಿಸುವ ಏಳು ಏಟಿಗೆ ಎತ್ತಿ, ತಿರುಗಿ, ಚಾಚುವುದು. ಎಂಟನೆಯ ಎಣಿಕೆಗೆ ಹಲಗೆ ಸುಮ್ಮನಾಗುತ್ತಿತ್ತು. ಆ ಹೊತ್ತಿನಲ್ಲಿ ಹಿಡಿದುಕೊಂಡವರು “ಹಾಂ” ಅನ್ನಬೇಕು. ಅದು ಕಿವಿಗೆ ಬಿದ್ದರೆ ಮಾತ್ರ ಕೈ ಬಿಡುವುದು. ಅವರು ಹಲಗೆ ಹಿಡಿದ ಹನ್ನೊಂದು ವರ್ಷದಲ್ಲಿ ಒಬ್ಬರ ಕಾಲ ಮೇಲೂ ಬಾಂಡಲಿ ಬೀಳಲಿಲ್ಲ.

ಆಮೇಲೆ ಪಂಪು ಬಂತು, ಕಾಂಕ್ರೀಟು ಕೊಳವೆಯಲ್ಲಿ ಮೇಲೇರಿತು, ಹಲಗೆ ಗೋಡೆಯ ಮೊಳೆಗೆ ಹೋಯಿತು. ಅದನ್ನು ಕೆಳಗಿಳಿಸಿದವನು ಋಷಿಕೇಶ್. ಹಳೆಯ ಬಡಿತಗಳನ್ನು ಉಳಿಸುತ್ತೇನೆ ಎಂದು ಅವರನ್ನು ಎ.ಸಿ. ಕೋಣೆಗೆ ಕರೆದೊಯ್ದು ರೆಕಾರ್ಡ್ ಮಾಡಿಕೊಂಡ. ಹಲಗೆ ಕಾಯಿಸಲು ಬೆಂಕಿ ಬೇಕು. ಹೊಗೆಯಾದರೆ ಅಲಾರಂ ಕೂಗುತ್ತದೆ, ಬೆಂಕಿ ಹಚ್ಚಬೇಡಿ ಎಂದರಂತೆ ಅಲ್ಲಿಯವರು. ಆ ತಂಪಿಗೆ ಚರ್ಮ ಮತ್ತೆಮತ್ತೆ ಸಡಿಲವಾಯಿತು. ನಾದ ಎಷ್ಟು ಇಳಿದಿದೆ ಎಂದು ನೋಡಲು ನನ್ನ ಗಂಡ ಆ ಎಂಟನೆಯ ಜಾಗದಲ್ಲಿ ಸಣ್ಣ ಕಡ್ಡಿಯಿಂದ ಎರಡು ಸಲ ತಟ್ಟಿ ನೋಡುತ್ತಿದ್ದರು. ಅಷ್ಟೇ.

ಪುಸ್ತಕ ಬಂದ ಮೇಲೆ ಯಾರೋ ಮೊಬೈಲಿನಲ್ಲಿ ಆ ಬಡಿತ ಕೇಳಿಸಿದರು. ನನ್ನ ಗಂಡ ಹೊಟ್ಟೆ ಹಿಡಿದು ನಕ್ಕರು. “ಏ, ಇವ ನಾ ಚರ್ಮ ತಟ್ಟಿ ನೋಡಿದ್ದನ್ನೂ ಬಡಿತ ಅಂತ ಬರ್ಕೊಂಡಾನ ನೋಡು!” ಪುಸ್ತಕದಲ್ಲಿ ಹೆಸರು ಹುಡುಕು ಎಂದರು. ಹುಡುಕಿದೆ. ‘ಅಜ್ಞಾತ ಕಲಾವಿದರೊಬ್ಬರಿಂದ’ ಎಂದಿತ್ತು. ಆಮೇಲೆ ನಗಲಿಲ್ಲ.

“ಕಾಗದ ಬರಿ. ಅಚ್ಚು ಹಾಕಿದೋರಿಗೇ ಬರಿ. ಹೆಸ್ರು ಹಾಕ್ರಿ, ಆ ಎರಡು ಏಟು ತೆಗೀರಿ, ಮತ್ತೇನೂ ಬ್ಯಾಡ ಅಂತ ಬರಿ.”

ಐವತ್ತನಾಲ್ಕನೆಯ ವಯಸ್ಸಿನಲ್ಲಿ, ಕೂಲಿಯವರಿಗೆಂದು ನಡೆಸುತ್ತಿದ್ದ ರಾತ್ರಿ ಶಾಲೆಯಲ್ಲಿ ಹನುಮಂತರಾಯಪ್ಪ ಮೇಷ್ಟ್ರು ತಿದ್ದಿಸಿದ ಅಕ್ಷರ ನನ್ನದು. ಗಂಡ ಹೇಳಿದ್ದನ್ನು ಬರೆದೆ. ಅಂಚೆಗೆ ಹಾಕುವ ಮುಂಚೆ ಋಷಿಕೇಶನಿಗೆ ಒಂದು ಮಾತು ಹೇಳೋಣ ಎಂದು ಹೋದದ್ದೇ ತಪ್ಪಾಯಿತು. ಅವನು ಪುಸ್ತಕ ತೆರೆದು ನನ್ನ ಮುಂದಿಟ್ಟ.

“ಎಲ್ಲಿ ತಪ್ಪಿದೆ? ಓದಿ ತೋರ್ಸಿ ಅಮ್ಮ.”

ಬೊಟ್ಟು, ಬಾಲ, ಗೆರೆ. ಒಂದೂ ಓದಲು ಬರಲಿಲ್ಲ.

“ಬರಲ್ಲ ಅಲ್ವಾ? ಕಲಿತ್ಕೊಂಡು ಬನ್ನಿ,” ಎಂದು ನಕ್ಕ. ಅವನ ಪಕ್ಕದಲ್ಲಿದ್ದವರೂ ನಕ್ಕರು.

ಕಾಗದ ಟ್ರಂಕಿನೊಳಗೆ ಹೋಯಿತು. ಎಲ್ಲಿ ತಪ್ಪು ಎಂದು ಅಚ್ಚಿನವರೂ ಕೇಳಿದರೆ ಏನು ತೋರಿಸಲಿ? ಮರುವರ್ಷ ನನ್ನ ಗಂಡ ಸಿಮೆಂಟಿನ ಧೂಳು ತುಂಬಿದ ಎದೆ ಹಿಡಿದುಕೊಂಡು ಹಾಸಿಗೆ ಹಿಡಿದರು. ಮೂರು ದಿನಕ್ಕೊಮ್ಮೆ ಕೇಳುವರು: “ಕಾಗದ ಹಾಕಿದ್ಯಾ?” “ಹಾಕೀನ್ರಿ,” ಎನ್ನುತ್ತಿದ್ದೆ. ಆ ಸುಳ್ಳನ್ನು ನಂಬಿಯೇ ಅವರು ಹೋದರು. ಐದು ವರ್ಷ ಅದನ್ನು ನುಂಗಿಕೊಂಡು ಬದುಕಿದೆ. ತಾಳ್ಮೆಯವಳು ಎಂದು ಎಲ್ಲರೂ ಹೊಗಳುತ್ತಾರೆ. ಹೊಗಳಿಕೆ ಕೇಳಿದಾಗಲೆಲ್ಲ ಮೈ ಉರಿಯುತ್ತದೆ.

ಬೋರ್ಡಿನ ಕೆಳಗಿನರ್ಧವನ್ನು ಅವತ್ತು ನಾನು ಒರೆಸಲಿಲ್ಲ.

“ಮೇಡಂ, ಇದನ್ನ ಓದೋದು ನನಗ ಕಲಸ್ರಿ.”

“ಅಜ್ಜಿ, ತಮಾಷೆನಾ?”

“ಅರವತ್ತಾರು ವಯಸ್ಸಾತು. ತಮಾಷಿಗೆ ಎಲ್ಲೈತಿ ಟೈಮು?”

ಮೂರು ತಿಂಗಳು, ಅವಳ ಊಟದ ಬಿಡುವಿನಲ್ಲಿ. ಗೆರೆಯ ಕೆಳಗಿನ ಬೊಟ್ಟು ದಪ್ಪ ಕೋಲಿನ ಏಟು, ಮೇಲಿನ ಇಂಟು ಸಣ್ಣ ಕಡ್ಡಿಯದು. ನಿಂತ ಗೆರೆ ಬಂದರೆ ಒಂದು ಸುತ್ತು ಮುಗಿಯಿತು. ಜೋಡಿ ಗೆರೆಯ ಪಕ್ಕ ಎರಡು ಚುಕ್ಕಿ ಇದ್ದರೆ ಮೊದಲಿಗೆ ಹೋಗಿ ಮತ್ತೆ ಹೊಡಿ. ಎರಡು ಬೊಟ್ಟಿನ ಬಾಲಗಳನ್ನು ಒಂದು ಅಡ್ಡಪಟ್ಟಿ ಕಟ್ಟಿಹಾಕಿದ್ದರೆ ಅವೆರಡೂ ಒಂದೇ ಎಣಿಕೆಯಲ್ಲಿ ಮುಗಿಯಬೇಕು. ಕಲಿತದ್ದು ಮರುದಿನ ಮರೆಯುತ್ತಿತ್ತು. ನೆಲ ಒರೆಸುತ್ತ ಬಾಯಲ್ಲಿ ಎಣಿಸುತ್ತಿದ್ದೆ. ಸೂಪರ್‌ವೈಸರ್ ಭದ್ರಮ್ಮ, “ಏನು ಚನ್ನಕ್ಕ, ಜಪ ಶುರು ಮಾಡ್ಬಿಟ್ಟಿದ್ದೀಯಾ?” ಎಂದು ಕೆಣಕುತ್ತಿದ್ದಳು.

ಒಂದು ದಿನ ಶರಣ್ಯ ಮಿಂಚಿನಂತೆ ಡೊಂಕಾದ ಒಂದು ಗುರುತು ಬರೆದಳು.

“ಇದು ರೆಸ್ಟ್. ಇಲ್ಲಿ ಹೊಡೀಬಾರ್ದು. ಸುಮ್ನಿರ್ಬೇಕು.”

“ಸುಮ್ನಿರೋದಕ್ಕೂ ಗುರುತು ಐತಾ?”

“ಇದೆ ಅಜ್ಜಿ. ಅದನ್ನೂ ಎಣಿಸ್ಬೇಕು.”

ಪುಸ್ತಕ ತರಿಸಿಕೊಂಡೆ. ಆ ಬಡಿತದ ಪುಟಕ್ಕೆ ‘ಪ್ರಾಚೀನ ಸುಗ್ಗಿ ತಾಳ’ ಎಂದು ಹೆಸರಿಟ್ಟಿದ್ದ. ಬೆರಳಿಟ್ಟು ಓದಿದೆ. ಏಳು ಏಟೂ ಸರಿಯಾಗಿದ್ದವು. ಎಂಟನೆಯ ಜಾಗದಲ್ಲಿ ಆ ಡೊಂಕು ಗುರುತು ಇರಬೇಕಿತ್ತು. ಇದ್ದದ್ದು ಪಟ್ಟಿ ಕಟ್ಟಿದ ಎರಡು ಇಂಟು. ಪುಟದ ತುಂಬ, ಎಲ್ಲ ಸುತ್ತಿನಲ್ಲೂ. ತಪ್ಪು ಎಲ್ಲಿದೆ ಎಂದು ಈಗ ನನ್ನ ಬೆರಳಿಗೆ ಗೊತ್ತಿತ್ತು.

ಮರುವಾರ ಯಾವುದೋ ಕಂಪನಿಯ ಇಪ್ಪತ್ತು ಜನ ಮನಸ್ಸು ಹಗುರ ಮಾಡಿಕೊಳ್ಳಲು ಬಂದಿದ್ದರು. ಋಷಿಕೇಶ್ ತಾನೇ ನಿಂತು ಬಾರಿಸಿದ. ಎಂದೂ ಬೆಂಕಿ ಕಾಣದ ಪ್ಲಾಸ್ಟಿಕ್ ಡ್ರಮ್ಮುಗಳ ಮೇಲೆ ಇಪ್ಪತ್ತು ಜನ ಚರ್ಮ ಕಾದಿದೆಯೇ ಎಂದು ತಟ್ಟಿ ನೋಡುತ್ತಿದ್ದರು. ಟಕ್‌ಟಕ್. ಪುಸ್ತಕ ಎರಡನೆಯ ಸಲ ಅಚ್ಚಾಗುತ್ತಿದೆ, ಜೂನ್‌ನಿಂದ ಪರೀಕ್ಷೆಗೂ ಇದೇ ಪಾಠ ಎಂದು ಹೇಳಿದ. ಜನ ಚಪ್ಪಾಳೆ ತಟ್ಟಿದರು. ನಾನು ತುಂಬಿದ ಬಕೆಟ್ಟನ್ನು ನಡುವೆ ತಂದು ನಿಂತೆ.

“ಎಂಟನೇದು ತಪ್ಪೈತ್ರಿ ಸರ್. ಅಲ್ಲಿ ರೆಸ್ಟ್ ಬರಬೇಕು.”

ಯೂನಿಫಾರಂ ನೋಡಿದ. ಮುಖ ನೋಡಲಿಲ್ಲ. “ಅರೆ, ನಮ್ಮ ಅಜ್ಜಿನೂ ಮ್ಯುಸಿಷಿಯನ್!” ಎಂದ. ಎಲ್ಲ ನಕ್ಕರು.

“ನಾ ಆಕಡೆ ಮಾರಿ ಮಾಡಿ ಬಕೆಟ್ ಚಾಚ್ತೀನಿ. ಹಿಡ್ದು ಹಾಂ ಅನ್ರಿ. ಕೇಳಿದ್ರ ಬಿಡ್ತೀನಿ. ಉಳಿದೋರು ಪುಸ್ತಕದಾಗ ಇದ್ದಂಗ ಹೊಡೀರಿ.”

ಆಟವೆಂದುಕೊಂಡು ಒಪ್ಪಿದ. ಇಪ್ಪತ್ತು ಡ್ರಮ್ಮು ಎದ್ದವು. ಏಳು ಏಟಿಗೆ ಎತ್ತಿ ತಿರುಗಿ ಚಾಚಿದೆ. ಎಂಟಕ್ಕೆ ಟಕ್‌ಟಕ್. ನನಗೇನೂ ಕೇಳಲಿಲ್ಲ, ಕೈ ಬಿಡಲಿಲ್ಲ. ಅವನು ಎಳೆದ. ಅರ್ಧ ಬಕೆಟ್ ಫಿನಾಯಿಲ್ ನೀರು ಅವನ ಬಿಳಿ ಶೂಗಳ ಮೇಲಾಯಿತು.

“ಹಾಂ ಅಂದೆನಲ್ಲಮ್ಮ!”

“ಕೇಳಿಲ್ರಿ. ನಿಮ್ಮ ಪುಸ್ತಕ ಅಲ್ಲಿ ಬಾಯಿ ಮುಚ್ಚಂಗಿಲ್ಲ. ಇದು ಕಾಂಕ್ರೀಟ್ ಬಾಂಡ್ಲಿ ಆಗಿದ್ರ ನಿಮ್ಮ ಕಾಲು ಹೋಗಿತ್ತು. ಕಲಿತು ಬನ್ನಿ ಅಂದಿದ್ರಿ, ಕಲಿತು ಬಂದೀನಿ. ಇದು ಸುಗ್ಗಿದಲ್ಲ. ಮೋಲ್ಡಿಂಗ್ ಬಡಿತ. ಇದನ್ನ ಕಟ್ಟಿದಾತನ್ನ ಬೆಂಕಿ ಇಲ್ದ ಕೂಡ್ರಿಸಿ ನೀವು ರೆಕಾರ್ಡ್ ತುಂಬ್ಕೊಂಡ್ರಿ.”

ಆಗ ಮುಖ ನೋಡಿದ. ನೆನಪಾಯಿತು ಎಂದು ಕಣ್ಣಲ್ಲೇ ಗೊತ್ತಾಯಿತು.

“ನೋಡಿ ಅಮ್ಮ, ಫೋಕ್ ಅಂದ್ರೆ ಯಾರೊಬ್ರದೂ ಅಲ್ಲ. ಒಬ್ಬೊಬ್ರು ಒಂದೊಂದು ಥರ ಬಾರಿಸ್ತಾರೆ. ಅಲ್ವಾ ಶರಣ್ಯ?”

ಶರಣ್ಯ ನೆಲ ನೋಡಿದಳು. ಅವಳ ಸಂಬಳ ಅವನ ಕೈಯಲ್ಲಿದೆ, ನನಗೆ ಗೊತ್ತು. ಆದರೂ ಅವಳ ಮೇಲೂ ಸಿಟ್ಟು ಬಂತು. ಯಾರದೂ ಅಲ್ಲದ್ದಕ್ಕೆ ಮುಖಪುಟದಲ್ಲಿ ಇವನ ಹೆಸರೇಕೆ? ಕೇಳಿದೆ. ಅವನು ಏಜೆನ್ಸಿಗೆ ಫೋನು ಹಚ್ಚಿದ. ನೆಲದ ನೀರನ್ನು ಅಲ್ಲೇ ಬಿಟ್ಟು ಹೊರಟೆ. ನೆಲ ಒರೆಸುವ ಕೆಲಸ ಹಿಡಿದ ಹತ್ತು ವರ್ಷದಲ್ಲಿ ಮೊದಲ ಸಲ.

ಮೆಟ್ಟಿಲ ಹತ್ತಿರ ಶರಣ್ಯ ಓಡಿ ಬಂದು ಗೆರೆ ಹಾಕಿದ ಎರಡು ಹಾಳೆ ಕೈಗಿಟ್ಟಳು. “ಸಾರಿ ಅಜ್ಜಿ.” ಹಾಳೆ ಬೇಕಿತ್ತು, ತೆಗೆದುಕೊಂಡೆ.

ಟ್ರಂಕಿನಿಂದ ಕಾಗದ ತೆಗೆದೆ. ಮಡಿಕೆಗಳು ಹಳದಿಯಾಗಿದ್ದವು. ಒಂದಕ್ಷರವನ್ನೂ ತಿದ್ದಲಿಲ್ಲ. ಹಾಳೆಯ ಮೇಲೆ ಏಳು ಏಟು ಬರೆದೆ, ಎಂಟನೆಯ ಜಾಗದಲ್ಲಿ ಡೊಂಕು ಗುರುತು ಹಾಕಿದೆ. ಅದು ಮೂರು ಸಲ ಕೆಟ್ಟಿತು. ನಾಲ್ಕನೆಯ ಸಲ ನೆಟ್ಟಗೆ ಬಂತು. ಪಕ್ಕದಲ್ಲಿ ಪುಸ್ತಕದ ಪುಟದ ಸಂಖ್ಯೆ ಬರೆದು ಲಕೋಟೆಗೆ ಗೋಂದು ಹಚ್ಚಿದೆ.

ಅಂಚೆ ಕಚೇರಿಯಲ್ಲಿ ಕಂಪ್ಯೂಟರಿನ ಹಿಂದಿನಿಂದ ಕೇಳಿದರು. “ಯಾರಮ್ಮ ಕಳಿಸ್ತಿರೋದು? ಹೆಸರು ಹೇಳಿ.”

ನಮ್ಮ ಕಡೆ ಗಂಡನ ಹೆಸರನ್ನು ಹೆಂಡತಿ ಬಾಯಿಬಿಟ್ಟು ಹೇಳುವುದಿಲ್ಲ. ನಲವತ್ತೆಂಟು ವರ್ಷದಲ್ಲಿ ನಾನು ಹೇಳಿದವಳಲ್ಲ. ಪುಸ್ತಕದವನಿಗೆ ಹೇಳಲು ಮನಸ್ಸಿರಲಿಲ್ಲ, ನನಗೆ ಹೇಳಲು ಬಾಯಿರಲಿಲ್ಲ. ಹೀಗೇ ಅಲ್ಲವೇ ಅವರು ಅಜ್ಞಾತರಾದದ್ದು?

“ಮರೆಪ್ಪ,” ಎಂದೆ. ಸಾಲಿನಲ್ಲಿದ್ದವರೆಲ್ಲ ತಿರುಗಿ ನೋಡುವಷ್ಟು ಜೋರಾಗಿ ಬಂತು.

“ಅವರು ಬಂದಿಲ್ವಾ?”

“ಇಲ್ರಿ. ಅವ್ರು ಹೇಳಿ ಬರೆಸಿದ್ದು. ಟೈಪ್ ಮಾಡ್ರಿ.”

“ಮೊಬೈಲ್ ನಂಬರು?”

“ನಂದು ಹಾಕ್ರಿ. ಉತ್ತರ ನಾ ಓದ್ತೀನಿ.”

ಅವರು ಲಕೋಟೆಗೆ ಚೀಟಿ ಅಂಟಿಸಿ ಹಿಂದಿನ ಚೀಲಕ್ಕೆ ಎಸೆದರು.